ಏಪ್ರಿಲ್ ಒಂದನೇ ತಾರೀಖು ಬಂದ ಸುದ್ದಿ: ಆರ್-ಟೈಪ್ ಆಟ ಸತ್ತು ಬದುಕಿದ ಕಥೆ

ನಮ್ಮೂರಲ್ಲಿ ಟಿವಿ ಗೇಮ್ ಮೊದಲು ಬಂದಿದ್ದು ಕಿರಾಣಿ ಅಂಗಡಿಯವರ ಮನೆಗೆ. ಜಾತ್ರೆಯಲ್ಲಿ ಕೊಂಡಿದ್ದು. ಹಳದಿ ಕ್ಯಾಸೆಟ್ಟಿನ ಮೇಲೆ ಸಾವಿರಾರು ಆಟ ಇವೆ ಅಂತ ಬರೆದಿತ್ತು. ಹಾಕಿ ನೋಡಿದರೆ ಹತ್ತೋ ಹದಿನೈದೋ ಆಟ, ಅವೇ ಸುತ್ತಿ ಸುತ್ತಿ ಬರುತ್ತಿದ್ದವು. ಅದರಲ್ಲಿ ಗ್ಯಾಲಕ್ಸಿಯನ್ ಅನ್ನೋ ಒಂದು ಆಟ. ಕೆಳಗೆ ನಮ್ಮ ವಿಮಾನ, ಮೇಲೆ ಸಾಲಾಗಿ ನಿಂತ ಹುಳದಂಥ ಶತ್ರುಗಳು. ಕರೆಂಟು ಇದ್ದಷ್ಟು ಹೊತ್ತು ಹೊಡೆಯೋದೇ ಕೆಲಸ. ಅದು ಜಪಾನಿನ ಆಟ ಅಂತಾಗಲಿ, ನಾವು ಹುಟ್ಟುವ ಎಷ್ಟೋ ವರ್ಷ ಮೊದಲೇ ಬಂದದ್ದು ಅಂತಾಗಲಿ ನಮಗೆ ಗೊತ್ತಿರಲಿಲ್ಲ. ಕ್ಯಾಸೆಟ್ಟೂ ನಕಲಿಯೇ ಇದ್ದಿರಬೇಕು. ಅದೂ ಗೊತ್ತಿರಲಿಲ್ಲ.

ಇವತ್ತು ಹೇಳಹೊರಟಿರೋದು ಆ ಆಟದ ಕಥೆ ಅಲ್ಲ, ಅದೇ ವಂಶದ ಇನ್ನೊಂದರದ್ದು. ಹೆಸರು ಆರ್-ಟೈಪ್. 1987ರಲ್ಲಿ ಹುಟ್ಟಿತು. 2003ರಲ್ಲಿ ಮಾಡಿದವರೇ ಅದಕ್ಕೆ ‘ಕೊನೆ’ ಅಂತ ಹೆಸರಿಟ್ಟು ಮುಗಿಸಿದರು. 2011ರಲ್ಲಿ ಒಂದು ಭೂಕಂಪದ ನಂತರ ಅದನ್ನು ಮಾಡಿದ ಕಂಪನಿ ಆಟದ ಕೆಲಸದಿಂದಲೇ ದೂರ ಸರಿಯಿತು. 2021ರಲ್ಲಿ ಆಟ ಮತ್ತೆ ಬಂತು. ಮಧ್ಯೆ ನಡೆದದ್ದು ನಮ್ಮಂಥ ಊರಿನವರೂ ತಿಳಿಯಬೇಕಾದ ಸಂಗತಿ ಅಂತ ನನಗನ್ನಿಸಿದೆ. ಯಾಕೆಂದರೆ ಇದು ನಡೆದದ್ದು ಟೋಕಿಯೋದಲ್ಲಿ ಅಲ್ಲ, ಜಪಾನಿನ ಇನ್ನೊಂದು ಬದಿಯ ಕಡಲಿಗೆ ಹೊಂದಿಕೊಂಡ ಇಷಿಕಾವಾ ಎಂಬ ಪ್ರಾಂತದಲ್ಲಿ.

ಮೊದಲು ಸ್ವಲ್ಪ ಹಿಂದಕ್ಕೆ ಹೋಗೋಣ. 1978ರಲ್ಲಿ ತೈತೊ ಕಂಪನಿಯ ತೊಮೊಹಿರೊ ನಿಶಿಕಾದೊ ಎಂಬಾತ ಸ್ಪೇಸ್ ಇನ್ವೇಡರ್ಸ್ ಆಟ ಮಾಡಿದ. ನಾಣ್ಯ ಹಾಕಿ ಆಡುವ ಪೆಟ್ಟಿಗೆಯ ಆಟ. ಆಟದ ಜತೆ ಅದು ಓಡಬೇಕಾದ ಯಂತ್ರವನ್ನೂ ಅವನೇ ಕೂತು ಜೋಡಿಸಿದ್ದ. ಆ ಕಾಲದ ಚಿಪ್ಪಿಗೆ ಅಷ್ಟು ಶತ್ರುಗಳನ್ನು ಒಟ್ಟಿಗೆ ಓಡಿಸುವ ತಾಕತ್ತು ಇರಲಿಲ್ಲ, ತೆವಳುತ್ತಿತ್ತು. ಆಡುವವರು ಒಂದೊಂದನ್ನೇ ಹೊಡೆದು ಉರುಳಿಸಿದಂತೆ ಚಿಪ್ಪಿನ ಭಾರ ಇಳಿಯುತ್ತಿತ್ತು, ಉಳಿದ ಶತ್ರುಗಳು ತಾವಾಗಿಯೇ ಜೋರಾಗಿ ಓಡುತ್ತಿದ್ದವು. ಕಡೆಗೆ ಒಂದೇ ಒಂದು ಉಳಿದಾಗ ಅದರ ಓಟ ಹೇಳೋದೇ ಬೇಡ. ಯಂತ್ರದ ಬಡತನವೇ ಆಟದ ರುಚಿಯಾಯಿತು. ನಿಶಿಕಾದೊ ಅದನ್ನು ಸರಿಪಡಿಸದೆ ಹಾಗೇ ಬಿಟ್ಟ. ಜಪಾನಿನ ತುಂಬ ಅದೊಂದೇ ಆಟ ಇಟ್ಟುಕೊಂಡ ಅಂಗಡಿಗಳು ಎದ್ದವು.

ಆಮೇಲೆ ಎಲ್ಲರೂ ಅದೇ ದಾರಿ ಹಿಡಿದರು. 1979ರಲ್ಲಿ ಗ್ಯಾಲಕ್ಸಿಯನ್. 1981ರಲ್ಲಿ ಕೊನಾಮಿ ಕಂಪನಿಯ ಸ್ಕ್ರಾಂಬಲ್, ಅದರಲ್ಲಿ ವಿಮಾನ ಅಡ್ಡಕ್ಕೆ ಹಾರುತ್ತದೆ, ಕೆಳಗಿನ ನೆಲ ಹಿಂದೆ ಸರಿಯುತ್ತದೆ. 1985ರಲ್ಲಿ ಅದೇ ಕೊನಾಮಿಯ ಗ್ರೇಡಿಯಸ್. ಈ ಅಡ್ಡ ಹಾರಾಟದ ಸಾಲಿನಲ್ಲೇ ಆರ್-ಟೈಪ್ ಬಂದಿದ್ದು.

ಮಾಡಿದ್ದು ಇರೆಂ ಎಂಬ ಕಂಪನಿ. ಇದರ ಬೇರು ಎರಡು ಕಡೆ ಇದೆ. ಒಂದು ಬೇರು ಒಸಾಕಾ ಕಡೆಯದು. 1974ರಲ್ಲಿ ಕೆಂಜೊ ತ್ಸುಜಿಮೊತೊ ಎಂಬಾತ ನಾಣ್ಯದ ಆಟದ ಯಂತ್ರಗಳ ವ್ಯಾಪಾರಕ್ಕೆ ಕಂಪನಿ ತೆರೆದ, ಅದೇ ಮುಂದೆ ಇರೆಂ ಆಯಿತು. ಆ ಮನುಷ್ಯ ಆಮೇಲೆ ಹೊರಬಿದ್ದು ಕ್ಯಾಪ್ಕಾಮ್ ಕಟ್ಟಿದ. ಸ್ಟ್ರೀಟ್ ಫೈಟರ್ ಹೆಸರು ಕೇಳಿರುತ್ತೀರಿ, ಅದೇ ಕ್ಯಾಪ್ಕಾಮ್. ಇನ್ನೊಂದು ಬೇರು ಇಷಿಕಾವಾದ್ದು. ಅಲ್ಲಿ ನೋತೋ ಅಂತ ಕಡಲಿಗೆ ಕೈಚಾಚಿದ ಹಾಗೆ ಒಂದು ಪರ್ಯಾಯದ್ವೀಪ ಇದೆ. ಅದರ ಬುಡದ ಹಕುಯಿ ಊರಿನಲ್ಲಿ 1968ರಲ್ಲಿ ಕಪ್ಪು-ಬಿಳುಪು ಟಿವಿ ಮಾಡುವ ಒಂದು ಕಂಪನಿ ಎದ್ದಿತು. ಅದರ ಸಂತಾನವೇ ನಾನಾವೊ ಕಂಪನಿ. ಆಟದ ಪೆಟ್ಟಿಗೆಗಳಿಗೆ ಬೇಕಾದ ಪರದೆಗಳನ್ನು ನಾನಾವೊ ಮಾಡುತ್ತಿತ್ತು. 80ರ ದಶಕದಲ್ಲಿ ಅದು ಇರೆಂ ಕಂಪನಿಯನ್ನೇ ತನ್ನ ಕೈಗೆ ತೆಗೆದುಕೊಂಡಿತು. ಗಾಡಿಯ ಚಕ್ರ ಮಾಡುತ್ತಿದ್ದವನು ಗಾಡಿ ಮಾಡುವವನನ್ನೇ ಕೊಂಡ ಹಾಗೆ.

ಅದೇ ನಾನಾವೊ 2013ರಿಂದ ಐಝೋ ಎಂಬ ಹೆಸರಲ್ಲಿದೆ. ಎಕ್ಸ್‌ರೇ, ಸ್ಕ್ಯಾನ್ ನೋಡಲು ಡಾಕ್ಟರುಗಳು ಬಳಸುವ ಒಳ್ಳೆಯ ಮಾನಿಟರುಗಳಿಗೆ ಇವತ್ತು ಅದು ಹೆಸರುವಾಸಿ. ದೊಡ್ಡ ಆಸ್ಪತ್ರೆಗೆ ಹೋದಾಗ ಪರದೆಯ ಅಂಚಿನಲ್ಲಿ ಆ ಹೆಸರು ಕಂಡರೆ ಈ ಕಥೆ ನೆನಪಾಗಲಿ.

ಇರೆಂ 1982ರಲ್ಲಿ ಮೂನ್ ಪೆಟ್ರೋಲ್, 1984ರಲ್ಲಿ ಕುಂಗ್-ಫು ಮಾಸ್ಟರ್ ಮಾಡಿ ಹೆಸರು ಗಳಿಸಿತ್ತು. 1987ರಲ್ಲಿ ಆರ್-ಟೈಪ್ ಬಂತು.

ಈ ಆಟ ಯಾಕೆ ಬೇರೆ? ನಿಮ್ಮ ಹಡಗಿನ ಹೆಸರು ಆರ್-9. ಚಿಕ್ಕದು, ಮುಂದೆ ನೀಲಿ ಗಾಜಿನ ಗುಮ್ಮಟ. ಗುಂಡಿ ಒತ್ತಿದರೆ ಸಣ್ಣ ಗುಂಡು ಹಾರುತ್ತದೆ. ಗುಂಡಿಯನ್ನು ಒತ್ತಿ ಹಿಡಿದರೆ ಪರದೆಯ ಕೆಳಗಿನ ಪಟ್ಟಿ ನಿಧಾನಕ್ಕೆ ತುಂಬುತ್ತದೆ, ಬಿಟ್ಟ ಕೂಡಲೇ ದೊಡ್ಡ ಅಲೆಯಂಥ ಹೊಡೆತ ಹೋಗುತ್ತದೆ. ಆದರೆ ಪಟ್ಟಿ ತುಂಬುವವರೆಗೆ ನೀವು ಗುಂಡು ಹಾರಿಸುವ ಹಾಗಿಲ್ಲ. ಸುತ್ತಲೂ ಶತ್ರು ಬರುತ್ತಿರುವಾಗ ಕೈ ಕಟ್ಟಿಕೊಂಡು ಕಾಯಬೇಕು. ಅದುವರೆಗಿನ ಆಟಗಳಲ್ಲಿ ಯಾರು ಬೇಗ ಬೇಗ ಒತ್ತುತ್ತಾರೋ ಅವರೇ ಗಟ್ಟಿ. ಇದರಲ್ಲಿ ಸುಮ್ಮನಿರುವುದು ಯಾವಾಗ ಅಂತ ಗೊತ್ತಿದ್ದವನು ಗಟ್ಟಿ.

ಇನ್ನೊಂದು, ಫೋರ್ಸ್. ಕಿತ್ತಳೆ ಬಣ್ಣದ ಒಂದು ಉಂಡೆ. ಅದನ್ನು ಹಡಗಿನ ಮೂತಿಗೆ ಅಂಟಿಸಿಕೊಳ್ಳಬಹುದು, ಬಾಲಕ್ಕೂ ಅಂಟಿಸಿಕೊಳ್ಳಬಹುದು. ಬೇಡವೆಂದರೆ ಬಿಟ್ಟು ಮುಂದಕ್ಕೆ ಎಸೆಯಬಹುದು. ಎಸೆದರೆ ಅದು ಅಲ್ಲೇ ತೇಲುತ್ತ ತಾನೇ ಹೊಡೆಯುತ್ತಿರುತ್ತದೆ, ಕರೆದರೆ ತೇಲಿಕೊಂಡು ಬರುತ್ತದೆ. ಅದಕ್ಕೆ ಸಾವಿಲ್ಲ, ಸಣ್ಣಪುಟ್ಟ ಗುಂಡುಗಳನ್ನು ನುಂಗಿಕೊಳ್ಳುತ್ತದೆ. ಅದರಿಂದ ಬರುವ ನೀಲಿ ಕಿರಣ ಗೋಡೆಗೆ ಬಡಿದು ಪುಟಿಯುತ್ತದೆ, ಹಳದಿಯದು ನೆಲ-ಚಾವಣಿ ಹಿಡಿದು ಹರಿದಾಡುತ್ತದೆ. ಇದನ್ನು ರೂಪಿಸಿದವರಿಗೆ ಯೋಚನೆ ಬಂದದ್ದು ಸಗಣಿ ಉಂಡೆ ಉರುಳಿಸಿಕೊಂಡು ಹೋಗುವ ಹುಳವನ್ನು ನೆನೆದು ಅಂತ ಹೇಳುತ್ತಾರೆ. ಓದಿದಾಗ ನನಗೆ ನಗು ಬಂತು. ಆ ಹುಳ ನಮ್ಮ ಹೊಲದ ದಾರಿಯಲ್ಲಿ ದಿನಾ ಕಾಣುತ್ತೆ, ನಾವು ದಾಟಿಕೊಂಡು ಹೋಗುತ್ತೇವೆ. ಅಲ್ಲೊಬ್ಬ ಅದನ್ನು ಆಕಾಶಕ್ಕೆ ಒಯ್ದ.

ಶತ್ರುಗಳ ಹೆಸರು ಬೈಡೊ. ಲೋಹವೂ ಮಾಂಸವೂ ಕಲಸಿದಂಥ ಜೀವ. ಏಲಿಯನ್ ಸಿನಿಮಾದ ಭಯಾನಕ ಪ್ರಾಣಿಯನ್ನು ಚಿತ್ರಿಸಿದ ಸ್ವಿಸ್ ಕಲಾವಿದ ಗೀಗರ್‌ನ ನೆರಳು ಅದರ ಮೇಲೆ ಎದ್ದು ಕಾಣುತ್ತದೆ. ಮೊದಲ ಹಂತದ ಕೊನೆಗೆ ಪರದೆ ತುಂಬ ಒಂದು ದೈತ್ಯ ನಿಂತಿರುತ್ತದೆ, ಹೊಟ್ಟೆಯಿಂದ ಇನ್ನೊಂದು ತಲೆ ಇಣುಕುತ್ತದೆ. ಹೊಡೆಯಬೇಕಾದ್ದು ಆ ಚಿಕ್ಕ ತಲೆಗೆ. ಮೂರನೇ ಹಂತ ಪೂರ್ತಿ ಒಂದೇ ಶತ್ರು, ಪರದೆಯಲ್ಲೂ ಹಿಡಿಸದಷ್ಟು ದೊಡ್ಡ ಯುದ್ಧನೌಕೆ. ಅದರ ಸುತ್ತ ನೊಣದ ಹಾಗೆ ಸುಳಿದು ಒಂದೊಂದೇ ತೋಪು ಕೀಳಬೇಕು. ಒಂದು ಗುಂಡು ತಾಗಿದರೆ ಸತ್ತಿರಿ. ಸತ್ತರೆ ಸ್ವಲ್ಪ ಹಿಂದಿನಿಂದ ಮತ್ತೆ ಶುರು, ಅದೂ ಗಳಿಸಿದ ಆಯುಧ ಎಲ್ಲ ಕಳಕೊಂಡು. ಹಾಗಾಗಿ ಇದು ಕೈಚಳಕದ ಆಟ ಅನ್ನೋದಕ್ಕಿಂತ ಬಾಯಿಪಾಠದ ಆಟ. ಎಲ್ಲಿಂದ ಯಾವುದು ಬರುತ್ತೆ ಅಂತ ಮಗ್ಗಿಯ ಹಾಗೆ ನೆನಪಿರಬೇಕು.

ಇದರ ಮೆರೆದಾಟ ಯುರೋಪಿಗೂ ಹೋಯಿತು. ಜರ್ಮನಿಯ ರೈನ್‌ಬೋ ಆರ್ಟ್ಸ್ ಕಂಪನಿ ಕಟಾಕಿಸ್ ಎಂಬ ಆಟ ತಂದಿತು. ನೋಡಿದರೆ ಆರ್-ಟೈಪ್‌ನ ಅವಳಿ. ಮನೆ ಕಂಪ್ಯೂಟರಿಗೆ ಆರ್-ಟೈಪ್ ತರುವ ಹಕ್ಕು ಆಕ್ಟಿವಿಷನ್ ಬಳಿ ಇತ್ತು, ಅವರು ಕೋರ್ಟಿಗೆಳೆಯುವ ಬೆದರಿಕೆ ಹಾಕಿದರು. ಆದರೆ ಅಮಿಗಾ ಎಂಬ ಕಂಪ್ಯೂಟರಿಗೆ ಆಟವನ್ನು ಇಳಿಸಿಕೊಡುವ ಕೈ ಅವರಿಗೆ ಸಿಕ್ಕಿರಲಿಲ್ಲ. ನಕಲು ಇಷ್ಟು ಚೆನ್ನಾಗಿ ಮಾಡಿದವರು ಅಸಲನ್ನೂ ಮಾಡಬಲ್ಲರಲ್ಲ! ಫ್ಯಾಕ್ಟರ್ 5 ಎಂಬ ಹುಡುಗರ ತಂಡಕ್ಕೇ ಆ ಕೆಲಸ ಒಪ್ಪಿಸಿದರು. ಕಳ್ಳನ ಕೈಗೇ ಬೀಗದ ಕೈ ಕೊಟ್ಟರು, ಕೆಲಸವೂ ಆಯಿತು.

1989ರಲ್ಲಿ ಎರಡನೆಯದು ಬಂತು, 1993ರ ಕೊನೆಗೆ ಮೂರನೆಯದು. ಅಷ್ಟರಲ್ಲಿ ಗಾಳಿ ಬದಲಾಗಿತ್ತು. 1991ರ ಸ್ಟ್ರೀಟ್ ಫೈಟರ್ 2 ಬಂದ ಮೇಲೆ ಆಟದಂಗಡಿಯಲ್ಲಿ ಜನ ಗುಂಪು ಕಟ್ಟುತ್ತಿದ್ದುದು ಇಬ್ಬರು ಎದುರುಬದುರು ಹೊಡೆದಾಡುವ ಪೆಟ್ಟಿಗೆಯ ಸುತ್ತ. ಅಂಗಡಿಯವನ ಲೆಕ್ಕವೂ ಸರಳ. ಒಬ್ಬನೇ ಕೂತು ಪಳಗಿದ ಮೇಲೆ ಒಂದು ನಾಣ್ಯಕ್ಕೆ ಅರ್ಧ ಗಂಟೆ ಎಳೆಯುವ ಆಟಕ್ಕಿಂತ, ಎರಡು ನಿಮಿಷಕ್ಕೊಬ್ಬ ಸೋತು ಇನ್ನೊಬ್ಬ ನಾಣ್ಯ ಹಾಕುವ ಆಟವೇ ಲಾಭ. ಆಕಾಶದ ಹಡಗುಗಳು ಮೂಲೆಗೆ ಸರಿದವು.

1994ರಲ್ಲಿ ಇರೆಂ ಆಟ ಮಾಡುವುದನ್ನು ನಿಲ್ಲಿಸಿತು. ಅಲ್ಲಿದ್ದ ಒಂದಷ್ಟು ಜನ ಹೊರಬಂದು ನಾಜ್ಕಾ ಎಂಬ ತಂಡ ಕಟ್ಟಿ 1996ರಲ್ಲಿ ಮೆಟಲ್ ಸ್ಲಗ್ ಮಾಡಿದರು. ಹೀಗೆ ಹೋದವರಲ್ಲಿ ಕಝುಮಾ ಕುಜೋ ಎಂಬಾತನೂ ಒಬ್ಬ. ಈ ಹೆಸರು ನೆನಪಿಟ್ಟುಕೊಳ್ಳಿ.

1997ರಲ್ಲಿ ನಾನಾವೊ ಹೊಸದಾಗಿ ಇರೆಂ ಸಾಫ್ಟ್‌ವೇರ್ ಎಂಜಿನಿಯರಿಂಗ್ ಅಂತ ಕಂಪನಿ ತೆರೆಯಿತು. ಈ ಸಲ ಒಸಾಕಾ ಕಡೆ ಅಲ್ಲ, ತನ್ನ ಸ್ವಂತ ನೆಲ ಇಷಿಕಾವಾದಲ್ಲಿ. ಕುಜೋ ಅಲ್ಲಿಗೆ ಮರಳಿದ. 1998ರಲ್ಲಿ ಪ್ಲೇಸ್ಟೇಷನ್ನಿಗೆ ಆರ್-ಟೈಪ್ ಡೆಲ್ಟಾ ಬಂತು. 2003ರ ಜುಲೈನಲ್ಲಿ ಪ್ಲೇಸ್ಟೇಷನ್ 2ಕ್ಕೆ ಆರ್-ಟೈಪ್ ಫೈನಲ್, ಅಂದರೆ ಕೊನೆಯದು.

ಈ ‘ಕೊನೆ’ಯ ಬಗ್ಗೆ ಸ್ವಲ್ಪ ನಿಂತು ಹೇಳಬೇಕು. ಸಾಮಾನ್ಯವಾಗಿ ಆಟ ಮುಗಿಸುವವರು ಹಬ್ಬದ ಹಾಗೆ ಮುಗಿಸುತ್ತಾರೆ, ಪಟಾಕಿ ಹೊಡೆದು. ಇವರು ಶೋಕದ ಹಾಗೆ ಮುಗಿಸಿದರು. ಮೊದಲ ಹಂತದಲ್ಲೇ ನೀರಲ್ಲಿ ಮುಳುಗಿದ ನಗರ, ಯಾರೂ ಇಲ್ಲ, ಸಂಗೀತವೂ ತಣ್ಣಗೆ. ಆಡುತ್ತ ಹೋದಂತೆ ಹಡಗುಗಳು ಒಂದೊಂದಾಗಿ ನಿಮ್ಮ ಕೊಟ್ಟಿಗೆಗೆ ಸೇರುತ್ತವೆ, ಒಟ್ಟು 101. ಹಿಂದಿನ ಎಲ್ಲ ಆಟಗಳ ಹಡಗುಗಳೂ ಅದರಲ್ಲಿವೆ. ಮನೆ ಖಾಲಿ ಮಾಡುವ ಮುನ್ನ ಹಳೆಯ ಪೆಟ್ಟಿಗೆ ತೆಗೆದು ಫೋಟೊ ನೋಡುತ್ತ ಕೂತ ಹಾಗೆ.

ಕಥೆಯೂ ಹಾಗೇ. ಬೈಡೊ ಎಲ್ಲಿಂದಲೋ ಬಂದ ಪರಲೋಕದ ಶತ್ರು ಅಂತ ನಾವು ಹೊಡೆಯುತ್ತಿರುತ್ತೇವೆ. ಅದು 26ನೇ ಶತಮಾನದ ಮನುಷ್ಯರೇ ಮಾಡಿದ ಆಯುಧ. ಕೈಮೀರಿ ಹೋದಾಗ ಅವರು ಅದನ್ನು ಬೇರೊಂದು ಆಯಾಮಕ್ಕೆ ಎಸೆದು ಕೈ ತೊಳೆದುಕೊಂಡರು. ಅದು ಕಾಲದಲ್ಲಿ ಹಿಂದಕ್ಕೆ ಬಂದು 22ನೇ ಶತಮಾನದ, ಅಂದರೆ ತಮ್ಮದೇ ಪೂರ್ವಜರ ಮೇಲೆ ಬಿತ್ತು. ಅದನ್ನು ಹೊಡೆಯಲು ನೀವು ಹಿಡಿದಿರುವ ಆ ಫೋರ್ಸ್ ಉಂಡೆ ಇದೆಯಲ್ಲ, ಅದೂ ಬೈಡೊದಿಂದಲೇ ಮಾಡಿದ್ದು. ಫೈನಲ್ ಆಟದ ಒಂದು ಮುಕ್ತಾಯದಲ್ಲಂತೂ ನೀವೇ ಬೈಡೊ ಆಗಿ, ನಿಮ್ಮದೇ ಕಡೆಯ ಹಡಗುಗಳು ನಿಮ್ಮನ್ನು ಹೊಡೆಯಲು ಬರುತ್ತವೆ. ಮಕ್ಕಳ ಆಟ ಅಂತ ತಳ್ಳಿಹಾಕುವವರಿಗೆ ಇದನ್ನೊಂದು ಹೇಳಬೇಕು ಅನ್ನಿಸುತ್ತೆ.

ಇದೇ ತಂಡ, ಇದೇ ಕುಜೋ, ಇನ್ನೊಂದು ಸರಣಿಯನ್ನೂ ಮಾಡುತ್ತಿದ್ದರು. 2002ರಲ್ಲಿ ಶುರುವಾದದ್ದು, ಹೊರದೇಶಗಳಲ್ಲಿ ಡಿಸಾಸ್ಟರ್ ರಿಪೋರ್ಟ್ ಅಂತ ಹೆಸರು. ಅದರಲ್ಲಿ ಬಂದೂಕಿಲ್ಲ, ಶತ್ರು ಇಲ್ಲ. ದೊಡ್ಡ ಭೂಕಂಪಕ್ಕೆ ಸಿಕ್ಕ ನಗರ, ನೀವು ಒಬ್ಬ ಸಾಮಾನ್ಯ ಮನುಷ್ಯ. ಕುಸಿಯುವ ಕಟ್ಟಡದಿಂದ ತಪ್ಪಿಸಿಕೊಳ್ಳಬೇಕು, ನೀರು ಹುಡುಕಬೇಕು, ಸಿಕ್ಕವರನ್ನು ಜತೆಗೆ ಕರೆದೊಯ್ಯಬೇಕೋ ಬಿಟ್ಟು ಹೋಗಬೇಕೋ ನಿರ್ಧರಿಸಬೇಕು. 1995ರ ಕೋಬೆ ಭೂಕಂಪದಲ್ಲಿ 6,000ಕ್ಕೂ ಹೆಚ್ಚು ಜನ ಸತ್ತಿದ್ದ ದೇಶ ಅದು. ಆಡುವವರಿಗೆ ಇದು ಬರಿಯ ಕಲ್ಪನೆ ಆಗಿರಲಿಲ್ಲ.

ಆ ಸರಣಿಯ ನಾಲ್ಕನೆಯದು 2011ರ ವಸಂತದಲ್ಲಿ ಬರುವುದಿತ್ತು.

2011ರ ಮಾರ್ಚ್ 11, ಶುಕ್ರವಾರ. ಜಪಾನಿನ ಪೂರ್ವ ಕರಾವಳಿಯಾಚೆ 9.0 ತೀವ್ರತೆಯ ಭೂಕಂಪ. ಹಿಂದೆಯೇ ಸುನಾಮಿ, ಅದರ ಹಿಂದೆ ಫುಕುಶಿಮಾ ಅಣುಸ್ಥಾವರದ ಅನಾಹುತ. 18,000ಕ್ಕೂ ಹೆಚ್ಚು ಜನ ಸತ್ತರು ಇಲ್ಲವೇ ಕಾಣೆಯಾದರು. ಕಾರು, ಮನೆ, ದೋಣಿ ಎಲ್ಲ ಒಂದೇ ಕಪ್ಪು ನೀರಲ್ಲಿ ಹೋಗುತ್ತಿದ್ದುದನ್ನು ನಾವೂ ಟಿವಿಯಲ್ಲಿ ನೋಡಿದ್ದೆವು.

ಮಾರ್ಚ್ 14, ಸೋಮವಾರ. ಭೂಕಂಪದ ಆಟದ ನಾಲ್ಕನೇ ಭಾಗವನ್ನು ಕೈಬಿಟ್ಟಿದ್ದೇವೆ ಅಂತ ಇರೆಂ ಹೇಳಿತು. ಮುಂದೂಡಿಕೆ ಅಲ್ಲ, ರದ್ದು.

ಸರಿಯೋ ತಪ್ಪೋ ಅಂತ ಇವತ್ತು ಕೂತು ಹೇಳುವುದು ಸುಲಭ. ನನಗನ್ನಿಸುವುದು, ಆ ಸೋಮವಾರ ಬೇರೆ ಏನು ಮಾಡಲಿಕ್ಕಾಗುತ್ತಿತ್ತು? ಜನ ಇನ್ನೂ ಹೆಣ ಹುಡುಕುತ್ತಿದ್ದಾರೆ, ನೀವು ಅಂಗಡಿಯಲ್ಲಿ ಭೂಕಂಪ ಮಾರುತ್ತೀರಾ? ಆದರೆ ವರ್ಷಗಟ್ಟಲೆ ಕೂತು ಮಾಡಿದ್ದವರ ಮುಖವೂ ಕಣ್ಣ ಮುಂದೆ ಬರುತ್ತದೆ. ಅವರು ಮಾಡಿದ್ದು ಸಾವನ್ನು ಮಾರುವ ಆಟ ಅಲ್ಲ, ಸಾವಿನಿಂದ ತಪ್ಪಿಸಿಕೊಳ್ಳುವ ಆಟ. ಆ ವ್ಯತ್ಯಾಸ ಹೇಳಲು ಅದು ಸಮಯವಾಗಿರಲಿಲ್ಲ.

ಅಲ್ಲಿಂದ ಇರೆಂ ಆಟಗಳಿಂದ ಸರಿಯುತ್ತ ಹೋಗಿ ಪಾಚಿಸ್ಲಾಟ್ ಯಂತ್ರಗಳ ಕಡೆ ತಿರುಗಿತು. ಅಂದರೆ ಜಪಾನಿನ ಜೂಜಿನ ಪೆಟ್ಟಿಗೆಗಳು. ಆಕಾಶದ ಹಡಗು, ಭೂಕಂಪದ ನಗರ ಎರಡೂ ಬೀಗ ಹಾಕಿದ ಕೋಣೆಯೊಳಗೆ ಉಳಿದವು.

ಕುಜೋ ಕೂತಿದ್ದು ಒಂದೇ ತಿಂಗಳು. 2011ರ ಏಪ್ರಿಲ್‌ನಲ್ಲಿ ಗ್ರಾನ್‌ಜೆಲಾ ಎಂಬ ಹೊಸ ಕಂಪನಿ ಶುರುವಾಯಿತು. ಇರೆಂ ಬಿಟ್ಟ ಜನ ಅವನ ಜತೆ ಬಂದರು. ಜಾಗ ಯಾವುದು? ನೊನೊಇಚಿ. ಇಷಿಕಾವಾದ ರಾಜಧಾನಿ ಕನಾಜಾವಾಕ್ಕೆ ಅಂಟಿಕೊಂಡ ಸಣ್ಣ ಊರು. ಅದಕ್ಕೆ ನಗರ ಅಂತ ಸರ್ಕಾರಿ ಹೆಸರು ಬಂದದ್ದೇ ಆ ವರ್ಷದ ನವೆಂಬರಿನಲ್ಲಿ. ಕಂಪನಿ ಶುರುವಾದಾಗ ಅದಿನ್ನೂ ಪಟ್ಟಣ. ಟೋಕಿಯೋದಿಂದ ಕನಾಜಾವಾಕ್ಕೆ ಬುಲೆಟ್ ರೈಲು ಬಂದದ್ದು 2015ರಲ್ಲಿ, ಅಂದರೆ ಅದೂ ಇರಲಿಲ್ಲ.

ಇಲ್ಲಿ ನನ್ನದೊಂದು ಮಾತು. ಪತ್ರಿಕೋದ್ಯಮ ಓದಿ ಮುಗಿಸಿದಾಗ ನಮಗೆಲ್ಲ ಒಂದೇ ಪ್ರಶ್ನೆ, ಬೆಂಗಳೂರಿಗೆ ಯಾವಾಗ ಹೋಗ್ತೀಯಾ ಅಂತ. ಹೋಗೋದು ತಪ್ಪು ಅಂತ ಅಲ್ಲ. ಆದರೆ ಕೆಲಸ ಅಂದರೆ ಬೆಂಗಳೂರು ಅನ್ನೋದು ಎಷ್ಟು ಗಟ್ಟಿಯಾಗಿ ಕೂತಿದೆ ಅಂದರೆ, ಇರುವಲ್ಲೇ ಇದ್ದು ಏನಾದರೂ ಮಾಡಿದರೆ ಸೋತು ಬಂದವನ ಹಾಗೆ ನೋಡುತ್ತಾರೆ. ಜಪಾನಿನಲ್ಲೂ ಆಟದ ಕೆಲಸ ಅಂದರೆ ಟೋಕಿಯೋ, ಒಸಾಕಾ, ಕ್ಯೋಟೋ. ಕಂಪನಿ ಕೈಬಿಟ್ಟ ಮೇಲೂ ಇವರು ಆ ಕಡೆ ಗಂಟು ಕಟ್ಟಲಿಲ್ಲ. ಅಲ್ಲೇ ಪಕ್ಕದ ಊರಲ್ಲಿ ಬಾಡಿಗೆ ಹಿಡಿದರು.

ಆದರೆ ಅವರ ಹತ್ತಿರ ಹಳೆಯ ಆಟಗಳ ಹಕ್ಕು ಇರಲಿಲ್ಲ. ಇದು ಈ ಉದ್ಯಮದ ವಿಚಿತ್ರ. ಆಟ ಮಾಡಿದವನು ಕಂಪನಿ ಬಿಟ್ಟರೆ ಬರಿಗೈಯಲ್ಲಿ ಬರುತ್ತಾನೆ. ಹೆಸರು, ಚಿತ್ರ, ಸಂಗೀತ ಎಲ್ಲ ಕಂಪನಿಯದ್ದು. ಉಳುವವನು ಬೇರೆ, ಪಹಣಿಯಲ್ಲಿ ಹೆಸರಿರುವವನು ಬೇರೆ ಅನ್ನೋದು ನಮಗೇನು ಹೊಸತಲ್ಲ. ಗ್ರಾನ್‌ಜೆಲಾ ಮೊದಮೊದಲು ಬೇರೆ ಸಣ್ಣ ಕೆಲಸ ಮಾಡಿಕೊಂಡಿತ್ತು. 2014ರಲ್ಲಿ ಭೂಕಂಪದ ಸರಣಿಯ ಹಕ್ಕನ್ನು ಇರೆಂನಿಂದ ಪಡೆಯಿತು. ರದ್ದಾಗಿದ್ದ ನಾಲ್ಕನೆಯ ಆಟವನ್ನು ಹೊಸ ಯಂತ್ರಕ್ಕೆ ಮತ್ತೆ ಕಟ್ಟಿತು. ಅದು ಜಪಾನಿನಲ್ಲಿ ಬಿಡುಗಡೆಯಾದದ್ದು 2018ರ ನವೆಂಬರಿನಲ್ಲಿ, ಬರಬೇಕಿದ್ದ ದಿನದಿಂದ ಏಳು ವರ್ಷ ದಾಟಿ. ಆಡಿದವರು ಕಣ್ಣೀರಿಟ್ಟರು ಅಂತೆಲ್ಲ ನಾನು ಬರೆಯುವುದಿಲ್ಲ. ಕೆಲವರಿಗೆ ಹಿಡಿಸಿತು, ಕೆಲವರು ಇದು ಹಳೇ ಕಾಲದ ಆಟದ ಹಾಗಿದೆ, ತೊಡರುತ್ತದೆ ಅಂದರು. ಆದರೆ ಬಂತು.

ಆಮೇಲೆ ಆಕಾಶದ ಸರದಿ.

ಇರೆಂಗೆ ಒಂದು ಹುಚ್ಚು ಇತ್ತು. ಪ್ರತಿ ವರ್ಷ ಏಪ್ರಿಲ್ 1ಕ್ಕೆ ತನ್ನ ವೆಬ್‌ಸೈಟನ್ನು ಪೂರ್ತಿ ಬದಲಿಸಿ ಇಲ್ಲದ ಆಟಗಳನ್ನು ಇದೆ ಅಂತ ಜಾಹೀರಾತು ಮಾಡುತ್ತಿತ್ತು. ಒಂದು ಸಾಲಿನ ಸುಳ್ಳಲ್ಲ, ತಿಂಗಳುಗಟ್ಟಲೆ ಕೂತು ಮಾಡಿದಷ್ಟು ಸೊಗಸಾದ ಸುಳ್ಳು. ಜನ ಅದಕ್ಕೇ ಕಾಯುತ್ತಿದ್ದರು. ಹೊಸ ಕಂಪನಿಗೂ ಆ ಹುಚ್ಚು ಅಂಟಿಕೊಂಡು ಬಂದಿತ್ತು.

2019ರ ಏಪ್ರಿಲ್ 1. ಗ್ರಾನ್‌ಜೆಲಾ ಒಂದು ವಿಡಿಯೋ ಬಿಟ್ಟಿತು. ಆರ್-9 ಹಡಗು, ಅದರ ಮೂತಿಗೆ ಕಿತ್ತಳೆ ಉಂಡೆ. ಆರ್-ಟೈಪ್ ಫೈನಲ್ 2 ಬರುತ್ತಿದೆ ಅಂತ ಘೋಷಣೆ. ‘ಕೊನೆ’ಗೆ ಎರಡನೇ ಭಾಗ! ಹೆಸರೇ ತಮಾಷೆಯ ಹಾಗಿತ್ತು, ದಿನವೂ ಅದೇ, ಹೇಳಿದವರೂ ಅವರೇ. ನಂಬಿದವರು ಕಡಿಮೆ. ತೋಳ ಬಂತು ತೋಳ ಅಂತ ವರ್ಷವರ್ಷ ಕೂಗಿದವರು ಈ ಸಲ ನಿಜ ಹೇಳಿದ್ದರು.

ದುಡ್ಡು? ಸಣ್ಣ ಕಂಪನಿ, ಮಾರುಕಟ್ಟೆ ಮರೆತ ಬಗೆಯ ಆಟ, ಯಾರು ಹಣ ಹಾಕುತ್ತಾರೆ? ಆ ವರ್ಷದ ಜೂನಿನಲ್ಲಿ ಅವರು ಕಿಕ್‌ಸ್ಟಾರ್ಟರ್‌ಗೆ ಹೋದರು. ಗೊತ್ತಿಲ್ಲದವರಿಗೆ ಹೇಳುವುದಾದರೆ, ಇದು ಊರಿನ ನಾಟಕಕ್ಕೆ ಪಟ್ಟಿ ಎತ್ತಿದ ಹಾಗೆ. ಇಷ್ಟು ಖರ್ಚಿದೆ, ಇಷ್ಟು ದಿನ ಟೈಮು, ಕೊಡುವವರು ಕೊಡಿ. ಗುರಿ ಮುಟ್ಟದಿದ್ದರೆ ಯಾರ ದುಡ್ಡೂ ತೆಗೆದುಕೊಳ್ಳುವುದಿಲ್ಲ. ಕೊಟ್ಟವರಿಗೆ ಮುಂದೆ ಆಟದ ಪ್ರತಿ, ಹೆಚ್ಚು ಕೊಟ್ಟವರಿಗೆ ಇನ್ನೂ ಏನೇನೋ. ವ್ಯತ್ಯಾಸ ಇಷ್ಟೇ, ಇಲ್ಲಿ ಪಟ್ಟಿ ಬರೆಸುವವರು ಒಂದೂರಿನವರಲ್ಲ, ಮುಖ ನೋಡಿದವರಲ್ಲ. ಜಪಾನ್, ಅಮೆರಿಕ, ಯುರೋಪು ಎಲ್ಲ ಕಡೆಯಿಂದ ಸಾವಿರಾರು ಜನ ಕೊಟ್ಟರು. ಗುರಿ ದಾಟಿತು, ದಾಟಿ ಬಹಳ ಮುಂದೆ ಹೋಯಿತು.

ಯಾರು ಇವರು? ಬಹುಪಾಲು ಚಿಕ್ಕವರಾಗಿದ್ದಾಗ ನಾಣ್ಯ ಹಾಕಿ ಮೊದಲ ಹಂತದ ದೈತ್ಯನ ಕೈಲಿ ಸತ್ತವರು, ಈಗ ಸಂಬಳ ತರುವವರು. ಹದಿನೈದು-ಹದಿನಾರು ವರ್ಷದಿಂದ ‘ಮುಗಿಯಿತು’ ಅಂತ ನಂಬಿದ್ದವರು. ಹಳೇ ನೆನಪಿಗೆ ದುಡ್ಡು ಕೊಡಿಸುವ ವ್ಯಾಪಾರ ಇವತ್ತು ಬಹಳ ನಡೆಯುತ್ತಿದೆ, ಅದರಲ್ಲಿ ಮೋಸವೂ ಇದೆ. ಹಳೆಯ ಹೆಸರನ್ನು ಕೊಂಡು ಏನೂ ಗೊತ್ತಿಲ್ಲದವರ ಕೈಗೆ ಕೊಟ್ಟು ಮಾಡಿಸಿದ ಆಟಗಳು ಎಷ್ಟೋ. ಇಲ್ಲಿ ಹಾಗಾಗಲಿಲ್ಲ. ಅನುಮತಿ ಕೊಟ್ಟದ್ದು ಇರೆಂ, ಮಾಡಿದ್ದು ‘ಕೊನೆ’ಯನ್ನು ಬರೆದ ಅದೇ ಕೈ.

ಕೆಲಸ ನಡೆಯುತ್ತಿರುವಾಗಲೇ ಕೋವಿಡ್ ಬಂತು. 2021ರ ಏಪ್ರಿಲ್ ಕೊನೆಗೆ ಆಟ ಬಿಡುಗಡೆಯಾಯಿತು, ಪ್ಲೇಸ್ಟೇಷನ್, ಸ್ವಿಚ್, ಎಕ್ಸ್‌ಬಾಕ್ಸ್, ಕಂಪ್ಯೂಟರ್ ಎಲ್ಲದಕ್ಕೂ. ಆ ಹೊತ್ತಿಗೆ ನಮ್ಮಲ್ಲಿ ಎರಡನೇ ಅಲೆ, ಆಕ್ಸಿಜನ್ ಸಿಲಿಂಡರಿಗೆ ಓಡಾಟ. ಆಟದ ಸುದ್ದಿ ಯಾರ ಕಿವಿಗೆ ಬೀಳಬೇಕು.

ಆಟ ಹೇಗಿತ್ತು? ಹೊಗಳಿಕೆ-ತೆಗಳಿಕೆ ಎರಡೂ ಬಂತು. ಹಳೆಯವರಿಗೆ ಖುಷಿ. ಹಡಗುಗಳ ಕೊಟ್ಟಿಗೆ ಮತ್ತೆ ತೆರೆದಿದೆ, ಒಂದೊಂದನ್ನೂ ಆಡಿ ಗಳಿಸಬೇಕು, ಹಳೆಯ ಆಟಗಳ ಹಂತಗಳನ್ನು ಹೊಸದಾಗಿ ಕಟ್ಟಿ ಆಮೇಲೆ ಸೇರಿಸುತ್ತ ಹೋದರು. ಹೊಸಬರ ದೂರು, ಬಹಳ ನಿಧಾನ, ಚಿತ್ರ ಅಷ್ಟೇನೂ ಮಿಂಚುವುದಿಲ್ಲ, ಒಂದು ಗುಂಡಿಗೆ ಸತ್ತು ಹಿಂದಕ್ಕೆ ಹೋಗುವುದು ಈ ಕಾಲಕ್ಕೆ ಯಾರಿಗೆ ಬೇಕು ಅಂತ. ಎರಡೂ ನಿಜವೇ. ನನ್ನ ಕೇಳಿದರೆ, ಆ ನಿಧಾನವನ್ನು ತೆಗೆದಿದ್ದರೆ ಅದು ಬೇರೆ ಆಟ ಆಗುತ್ತಿತ್ತು, ಹೆಸರು ಮಾತ್ರ ಹಳೆಯದು. ಅಜ್ಜಿ ಕೈಯ ರೊಟ್ಟಿ ದಪ್ಪ ಆಯ್ತು ಅಂತ ಲಟ್ಟಣಿಗೆ ಬದಲಿಸಿದ ಹಾಗೆ. ಆದರೆ ಕೆಲವು ಹಂತಗಳು ಖಾಲಿ ಖಾಲಿ ಅನ್ನಿಸುವುದನ್ನು ಒಪ್ಪಬೇಕು. ದುಡ್ಡು ಕಡಿಮೆ ಇದ್ದದ್ದು ಅಲ್ಲಲ್ಲಿ ಕಾಣುತ್ತದೆ.

2023ರಲ್ಲಿ ಅದನ್ನೇ ಬೆಳೆಸಿ ಆರ್-ಟೈಪ್ ಫೈನಲ್ 3 ಅಂತ ಪ್ಲೇಸ್ಟೇಷನ್ 5ಕ್ಕೆ ತಂದರು. ‘ಕೊನೆ’ಗೆ ಮೂರನೆಯದು. ಇನ್ನು ಈ ಪದಕ್ಕೆ ಅವರ ಮನೆಯಲ್ಲಿ ಅರ್ಥ ಉಳಿದಿಲ್ಲ ಅನ್ನಿಸುತ್ತೆ.

2024ರ ಜನವರಿ 1. ಹೊಸ ವರ್ಷದ ದಿನ ಸಂಜೆ, ಮನೆಮಂದಿಯೆಲ್ಲ ಊರಿಗೆ ಬಂದು ಸೇರಿದ್ದ ಹೊತ್ತು. ಈ ಸಲ ನಡುಗಿದ್ದು ಇಷಿಕಾವಾ ಪ್ರಾಂತವೇ. ನೋತೋ ಪರ್ಯಾಯದ್ವೀಪದಲ್ಲಿ 7.6 ತೀವ್ರತೆಯ ಭೂಕಂಪ. ನೂರಾರು ಜನ ಸತ್ತರು. ವಾಜಿಮಾ ಊರಿನ ಹೆಸರಾಂತ ಬೆಳಗಿನ ಸಂತೆಯ ಬೀದಿ ಬೆಂಕಿಗೆ ಸಿಕ್ಕಿ ಬೂದಿಯಾಯಿತು. ವಯಸ್ಸಾದವರೇ ಹೆಚ್ಚಿರುವ ಹಳ್ಳಿಗಳು, ಗುಡ್ಡ ಜರಿದು ರಸ್ತೆ ಮುಚ್ಚಿ ದಿನಗಟ್ಟಲೆ ತಲುಪಲಾಗಲಿಲ್ಲ. ಐವತ್ತಾರು ವರ್ಷದ ಹಿಂದೆ ಕಪ್ಪು-ಬಿಳುಪು ಟಿವಿ ಮಾಡಲು ಶುರುಮಾಡಿದ ಆ ಹಕುಯಿ ಇರುವುದು ಅದೇ ನೋತೋದ ಬುಡದಲ್ಲಿ. ಭೂಕಂಪದ ಆಟ ಮಾಡಿ, ಭೂಕಂಪದಿಂದ ಕೆಲಸ ಕಳಕೊಂಡು, ಮತ್ತೆ ಅದನ್ನೇ ಮಾಡಿ ಮುಗಿಸಿದವರ ಪ್ರಾಂತಕ್ಕೇ ಭೂಕಂಪ ಬಂತು. ಇದನ್ನು ಕಥೆಯಲ್ಲಿ ಬರೆದರೆ ಅತಿಯಾಯಿತು ಅನ್ನುತ್ತಿದ್ದೆವು.

ಕಳೆದ ಬೇಸಿಗೆಯಲ್ಲಿ ಧಾರವಾಡದ ಗೆಳೆಯನ ರೂಮಿನಲ್ಲಿ ಅವನ ಲ್ಯಾಪ್‌ಟಾಪಿನಲ್ಲಿ ಫೈನಲ್ 2 ಆಡಿದೆ. ಸುಲಭದ ಮಟ್ಟದಲ್ಲೇ ಇಟ್ಟುಕೊಂಡಿದ್ದೆ. ಮೊದಲ ಹಂತದ ಕೊನೆಗೆ ಬರುವಷ್ಟರಲ್ಲಿ ಏಳು ಸಲ ಸತ್ತೆ. ಕಿರಾಣಿ ಅಂಗಡಿಯವರ ಮನೆಯ ಅಭ್ಯಾಸ, ಗುಂಡಿಯನ್ನು ಟಕಟಕ ಒತ್ತುತ್ತಲೇ ಇದ್ದೆ. ಗೆಳೆಯ ಮಂಚದ ಮೇಲೆ ಕೂತು ಮಂಡಕ್ಕಿ ತಿನ್ನುತ್ತ ನೋಡುತ್ತಿದ್ದವನು ಕಡೆಗೆ ಅಂದ, “ಲೇ, ಒತ್ತಿ ಹಿಡಿಯೋ. ಬಿಡಬ್ಯಾಡ. ತುಂಬಲಿ.”

ಹಿಡಿದೆ. ಪಟ್ಟಿ ಅರ್ಧ ತುಂಬುವಷ್ಟರಲ್ಲಿ ಮತ್ತೆ ಸತ್ತೆ.